ಸೂರ್ಯನತ್ತ ಕ್ಯಾಮೆರಾ ತಿರುಗಿಸಿದವರು

1950. ಜಪಾನಿನ ನಾರಾ ಬಳಿಯ ಕಾಡಿನಲ್ಲಿ ಅಕಿರಾ ಕುರೊಸಾವಾ ಅವರ ‘ರಾಶೊಮೊನ್’ ಚಿತ್ರೀಕರಣ. ಮರಗಳು ಎಷ್ಟು ಒತ್ತಾಗಿದ್ದವೆಂದರೆ ನಟರ ಮುಖದ ಮೇಲೆ ಸಾಕಷ್ಟು ಬೆಳಕೇ ಬೀಳುತ್ತಿರಲಿಲ್ಲ. ಛಾಯಾಗ್ರಾಹಕ ಕಜುವೊ ಮಿಯಾಗಾವಾ ಮಾಮೂಲಿ ರಿಫ್ಲೆಕ್ಟರ್ ಬದಿಗಿಟ್ಟು ದೊಡ್ಡ ಕನ್ನಡಿಗಳನ್ನೇ ತರಿಸಿದರು. ಎಲೆಗಳ ಸಂದಿಯಿಂದ ಇಳಿದ ಬಿಸಿಲನ್ನು ಕನ್ನಡಿಯಲ್ಲಿ ಹಿಡಿದು ಮುಖಕ್ಕೆ ಎರಚಿದರು. ಒಂದೇ ಘಟನೆಯನ್ನು ಒಬ್ಬೊಬ್ಬರು ಒಂದೊಂದು ಬಗೆಯಾಗಿ ಹೇಳುವ ಕತೆ ಅದು. ಮಾತಾಡುವವರ ಮುಖದ ಮೇಲೆ ಬೆಳಕು, ನೆರಳು ನಿಲ್ಲದೆ ಅಲುಗುವುದನ್ನು ಕಂಡಾಗ ಯಾರನ್ನು ನಂಬಬೇಕೆಂಬ ಅನುಮಾನ ಕಣ್ಣಿನಿಂದಲೇ ಶುರುವಾಗುತ್ತದೆ.

ಕ್ಯಾಮೆರಾವನ್ನು ನೇರವಾಗಿ ಸೂರ್ಯನತ್ತಲೂ ತಿರುಗಿಸಿದರು. ಫಿಲಂ ಸುಟ್ಟೀತೆಂಬ ಭಯಕ್ಕೆ ಆಗ ಅದಕ್ಕೆ ಕೈಹಾಕುವವರು ವಿರಳ. ಹೆಬ್ಬಾಗಿಲಿನ ದೃಶ್ಯದಲ್ಲಿ ಸುರಿಸಿದ ಮಳೆ ಬೂದು ಆಕಾಶದೆದುರು ಕಾಣದೇ ಹೋಗುತ್ತಿದ್ದರಿಂದ ನೀರಿಗೆ ಕಪ್ಪು ಮಸಿ ಬೆರೆಸಲಾಯಿತು. ಮರುವರ್ಷ ವೆನಿಸ್‌ನಲ್ಲಿ ಚಿತ್ರಕ್ಕೆ ಗೋಲ್ಡನ್ ಲಯನ್ ಬಂತು.

ಮಸಿ ಮಿಯಾಗಾವಾ ಅವರಿಗೆ ಹೊಸದಲ್ಲ. 1908ರಲ್ಲಿ ಕ್ಯೋಟೊದಲ್ಲಿ ಹುಟ್ಟಿದ ಅವರು ಎಳೆಯ ವಯಸ್ಸಿನಲ್ಲೇ ‘ಸುಮಿ-ಎ’ ಎಂಬ ಮಸಿಚಿತ್ರ ಕಲಿತವರು. ಒಂದೇ ಮಸಿಗೆ ನೀರು ಹೆಚ್ಚುಕಡಿಮೆ ಮಾಡಿ ನೂರು ಛಾಯೆ ಎಬ್ಬಿಸುವ ಕಲೆ ಅದು. 1926ರಲ್ಲಿ ನಿಕ್ಕಾತ್ಸು ಸ್ಟುಡಿಯೋದ ಲ್ಯಾಬ್ ಸೇರಿ, ಫಿಲಂ ತೊಳೆಯುವ ಕೆಲಸದಿಂದ ಮೇಲೆ ಬಂದರು. ಕಪ್ಪುಬಿಳುಪಿನ ನಡುವೆ ಎಷ್ಟೆಲ್ಲ ಬಣ್ಣಗಳಿವೆ ಎಂಬುದು ಅವರಿಗೆ ಕುಂಚದಿಂದಲೂ ಗೊತ್ತಿತ್ತು, ರಾಸಾಯನಿಕದಿಂದಲೂ ಗೊತ್ತಿತ್ತು.

ನಿರ್ದೇಶಕ ಕೆಂಜಿ ಮಿಜೊಗುಚಿ ಅವರಿಗೆ ‘ಉಗೆತ್ಸು’ (1953) ಸುರುಳಿಚಿತ್ರ ಬಿಚ್ಚಿಕೊಳ್ಳುವಂತೆ ಸಾಗಬೇಕಿತ್ತು. ಮಿಯಾಗಾವಾ ಹೆಚ್ಚಿನ ಭಾಗವನ್ನು ಕ್ರೇನ್ ಮೇಲಿಂದಲೇ ತೆಗೆದರು. ಕೊನೆಯಲ್ಲಿ ಮಗು ತಾಯಿಯ ಸಮಾಧಿಗೆ ಅನ್ನ ಇಟ್ಟಾಗ ಕ್ಯಾಮೆರಾ ಮೆಲ್ಲನೆ ಮೇಲೇರಿ, ಹೊಲ ಉಳುವವರನ್ನೂ ಸೇರಿಸಿಕೊಳ್ಳುತ್ತದೆ. ಅಳು ತಡೆಯುವುದು ಕಷ್ಟ.

ಕೊನ್ ಇಚಿಕಾವಾ ಅವರ ‘ಒತೊತೊ’ (1960) ಹಳೆಯ ಕಾಲದ ಕತೆ, ಬಣ್ಣ ಕಳೆಗುಂದಿರಬೇಕಿತ್ತು. ಕಲರ್ ಫಿಲಂ ಸಂಸ್ಕರಿಸುವಾಗ ಅದರಲ್ಲಿನ ಬೆಳ್ಳಿಯನ್ನು ತೊಳೆದು ತೆಗೆಯುತ್ತಾರೆ. ಮಿಯಾಗಾವಾ ಅದನ್ನು ಉಳಿಸಿಕೊಂಡರು. ಕಪ್ಪು ಗಾಢವಾಯಿತು, ಬಣ್ಣಗಳು ಮಂಕಾದವು. ‘ಬ್ಲೀಚ್ ಬೈಪಾಸ್’ ಎಂಬ ಹೆಸರಿನಲ್ಲಿ ಹಾಲಿವುಡ್‌ ಈ ವಿಧಾನವನ್ನು ಬಳಸಿಕೊಂಡಿದ್ದು ದಶಕಗಳ ನಂತರ.

ಕುರೊಸಾವಾ ಅವರ ‘ಕಾಗೆಮುಶಾ’ (1980) ಶುರುವಾದಾಗ ಮಿಯಾಗಾವಾ ಅವರ ದೃಷ್ಟಿ ಕುಂದಿತ್ತು. ಚಿತ್ರವನ್ನು ಬೇರೆಯವರಿಗೆ ಬಿಟ್ಟುಕೊಟ್ಟರು. ಆದರೂ ಕ್ಯಾಮೆರಾದಿಂದ ದೂರವಾಗಲಿಲ್ಲ: 1986ರಲ್ಲಿ ಮಸಾಹಿರೊ ಶಿನೊಡಾ ಅವರ ‘ಗೊಂಜಾ’ ಚಿತ್ರಕ್ಕೆ ಬೆಳಕು ಜೋಡಿಸುವಾಗ ಅವರಿಗೆ ಎಪ್ಪತ್ತೆಂಟರ ಆಸುಪಾಸು.