ಭಾಗವತರಿಲ್ಲದ ಆಟ

ಕಡಲ ಕರೆಯ ಕನ್ನಡದಲ್ಲಿ ‘ಆಟ’ ಎಂದರೆ ಮೊದಲಿಗೆ ನೆನಪಾಗುವುದು ಯಕ್ಷಗಾನ. ಅಂಕೋಲೆಯ ಪೇಟೆಗೆ ಹೊಂದಿಕೊಂಡ ಬೊಬ್ರುವಾಡದಲ್ಲಾಗಲಿ, ಕಾರವಾರದಲ್ಲಾಗಲಿ, “ಇಂದು ರಾತ್ರಿ ಆಟ” ಎಂಬ ಮಾತು ಕಿವಿಗೆ ಬಿದ್ದೊಡನೆ ಹಿರಿಯರ ಮನಸ್ಸು ಚೆಂಡೆಯ ಸದ್ದಿನತ್ತ ಹೋಗುತ್ತದೆ. ಅದೇ ಮನೆಯ ಮಕ್ಕಳಿಗೆ ಅದೇ ಮಾತು ಬೇರೊಂದು ಅರ್ಥವನ್ನು ಕೊಡುತ್ತದೆ. ರಾತ್ರಿಯೂಟ ಮುಗಿದ ಮೇಲೆ ಗಣಕಯಂತ್ರದ ಮುಂದೆ ಕುಳಿತು, ಬೇರೆ ಬೇರೆ ಊರುಗಳಲ್ಲಿರುವ ನಾಲ್ಕಾರು ಗೆಳೆಯರೊಡನೆ ಒಂದೇ ಲೋಕದೊಳಗೆ ಹೊಕ್ಕು ಮನೆ ಕಟ್ಟುವ, ಗಣಿ ತೋಡುವ, ಯುದ್ಧ ಮಾಡುವ ಆಟ ಅದು. “ನಿನ್ನ ಸರ್ವರ್ ಫೈಲು ಸ್ವಲ್ಪ ಕೊಡು, ನಾನೂ ಇಟ್ಟುಕೊಳ್ಳುತ್ತೇನೆ” ಎಂದು ಮಗ ತನ್ನ ಗೆಳೆಯನನ್ನು ಕೇಳುವುದು ತಾಯಿತಂದೆಗಳ ಕಿವಿಗೂ ಬೀಳುತ್ತದೆ. ಕೊಡುವುದೇನು, ಇಟ್ಟುಕೊಳ್ಳುವುದೇನು, ಅದು ಸರಿಯೇ ತಪ್ಪೇ ಎಂದು ತಿಳಿಯದೆ ಅವರು ಸುಮ್ಮನಾಗುತ್ತಾರೆ.

ವಿಷಯ ಹೊಸದೆಂದು ತೋರಿದರೂ ಅದರೊಳಗಿನ ಪ್ರಶ್ನೆ ಹಳೆಯದು. ಯಕ್ಷಗಾನವನ್ನು ಬಲ್ಲವರಿಗೆ ಅದು ತೀರ ಅಪರಿಚಿತವೂ ಅಲ್ಲ.

ಒಂದನೆಯ ವೇಷ

ಯಕ್ಷಗಾನದಲ್ಲಿ ಭಾಗವತರನ್ನು ‘ಒಂದನೆಯ ವೇಷ’ ಎನ್ನುವ ರೂಢಿಯಿದೆ. ಅವರು ಬಣ್ಣ ಹಚ್ಚುವುದಿಲ್ಲ, ಕುಣಿಯುವುದಿಲ್ಲ. ಆದರೆ ಪ್ರಸಂಗದ ಪುಸ್ತಕವಿರುವುದು ಅವರ ಮುಂದೆ. ತಾಳವಿರುವುದು ಅವರ ಕೈಯಲ್ಲಿ. ಯಾವ ಪಾತ್ರ ಯಾವಾಗ ಬರಬೇಕು, ಯಾವ ಪದ್ಯವನ್ನು ಹಾಡಬೇಕು, ಯಾವುದನ್ನು ಬಿಡಬೇಕು ಎಂಬುದೆಲ್ಲ ಅವರ ತೀರ್ಮಾನ. ಭಾಗವತರು ಪುಸ್ತಕವನ್ನು ಮಡಚಿಟ್ಟು ಎದ್ದರೆ ಕಿರೀಟ ಕಟ್ಟಿಕೊಂಡ ಅರ್ಜುನನೂ ನಿಂತಲ್ಲೇ ನಿಲ್ಲಬೇಕಾಗುತ್ತದೆ.

ಬಹುಮಂದಿ ಕೂಡಿ ಆಡುವ ಗಣಕದ ಆಟಗಳಲ್ಲಿ ಭಾಗವತರ ಸ್ಥಾನದಲ್ಲಿರುವುದು ಸರ್ವರ್. ಆಟಗಾರರ ಮನೆಯ ಯಂತ್ರಗಳು ಚಿತ್ರವನ್ನು ತೋರಿಸುತ್ತವೆ, ಸದ್ದನ್ನು ಕೇಳಿಸುತ್ತವೆ. ಆದರೆ ಯಾರು ಎಲ್ಲಿದ್ದಾರೆ, ಯಾರ ಬಾಣ ಯಾರಿಗೆ ತಗಲಿತು, ನಿನ್ನೆ ಕಟ್ಟಿದ ಗೋಡೆ ಇಂದು ಇದೆಯೇ ಇಲ್ಲವೇ ಎಂಬುದನ್ನು ನಿಶ್ಚಯಿಸಿ ಎಲ್ಲರಿಗೂ ತಿಳಿಸುವುದು ಸರ್ವರಿನ ಕೆಲಸ. ಸರ್ವರ್ ಫೈಲುಗಳೆಂದರೆ ಆ ಭಾಗವತಿಕೆಯ ಪೂರ್ಣ ಸಾಮಗ್ರಿ: ಆಟವನ್ನು ನಡೆಸುವ ಪ್ರೋಗ್ರಾಮು, ನಿಯಮಗಳನ್ನು ಬರೆದಿಟ್ಟ ಕಡತಗಳು, ಆಟಗಾರರು ಕೂಡಿ ಕಟ್ಟಿದ ಲೋಕದ ದಾಖಲೆ. ಇವು ಯಾರ ಬಳಿ ಇರುತ್ತವೆಯೋ ಆಟದ ಪ್ರಾಣ ಅವರ ಬಳಿ ಇರುತ್ತದೆ.

ಅರ್ಥಗಾರಿಕೆಯಂತೆ ‘ಮಾಡ್’

ಪ್ರಸಂಗದ ಪದ್ಯ ಒಂದೇ ಆದರೂ ಅರ್ಥಧಾರಿಯ ಮಾತು ರಾತ್ರಿಯಿಂದ ರಾತ್ರಿಗೆ ಬೇರೆಯಾಗುತ್ತದೆ. ಗಣಕದ ಆಟಗಳಲ್ಲಿಯೂ ಹೀಗೆ ಮೂಲಕ್ಕೆ ತಮ್ಮದನ್ನು ಸೇರಿಸುವ ರೂಢಿ ಬಹು ಬೇಗ ಬೆಳೆಯಿತು. ಇದಕ್ಕೆ ‘ಮಾಡ್’ ಎಂದು ಹೆಸರು. ಅಮೆರಿಕದ ಇಡ್ ಸಾಫ್ಟ್‌ವೇರ್ ಸಂಸ್ಥೆ ೧೯೯೩ರ ಡಿಸೆಂಬರಿನಲ್ಲಿ ‘ಡೂಮ್’ ಎಂಬ ಆಟವನ್ನು ಹೊರತಂದಾಗ ಅದರ ನಕ್ಷೆ, ಚಿತ್ರ, ಸದ್ದುಗಳನ್ನು ಪ್ರೋಗ್ರಾಮಿನಿಂದ ಬೇರೆ ಕಡತಗಳಲ್ಲಿ ಇಟ್ಟಿತ್ತು. ಆಡುವವರು ಆ ಕಡತಗಳ ಸ್ಥಾನದಲ್ಲಿ ತಮ್ಮ ಕಡತಗಳನ್ನಿಟ್ಟು ಹೊಸ ಕೋಣೆಗಳನ್ನೂ ಹೊಸ ರಾಕ್ಷಸರನ್ನೂ ಸೃಷ್ಟಿಸಿಕೊಂಡರು. ೧೯೯೭ರಲ್ಲಿ ಸಂಸ್ಥೆಯು ಪ್ರೋಗ್ರಾಮಿನ ಮೂಲಪಾಠವನ್ನೇ ಬಹಿರಂಗಪಡಿಸಿತು. ಡೂಮ್ ಇಂದಿಗೂ ಆಡಲ್ಪಡುತ್ತಿದ್ದರೆ ಅದಕ್ಕೆ ಈ ಔದಾರ್ಯವೂ ಒಂದು ಕಾರಣ.

‘ಹಾಫ್ ಲೈಫ್’ ಎಂಬ ಆಟದ ಮೇಲೆ ಮಿನ್ ಲೇ, ಜೆಸ್ ಕ್ಲಿಫ್ ಎಂಬ ಇಬ್ಬರು ತರುಣರು ೧೯೯೯ರಲ್ಲಿ ‘ಕೌಂಟರ್ ಸ್ಟ್ರೈಕ್’ ಎಂಬ ಮಾಡ್ ಕಟ್ಟಿದರು. ಮೂಲ ಆಟದ ಒಡೆಯರಾದ ವಾಲ್ವ್ ಸಂಸ್ಥೆಯವರು ಅವರನ್ನು ಗದರಿಸಲಿಲ್ಲ; ಅವರಿಂದ ಹಕ್ಕನ್ನು ಕೊಂಡು ೨೦೦೦ದಲ್ಲಿ ಅದನ್ನೇ ಸ್ವತಂತ್ರ ಆಟವಾಗಿ ಮಾರಿದರು. ಒಡೆಯನೂ ಆಟಗಾರನೂ ಕೈಜೋಡಿಸಿದರೆ ಇಬ್ಬರಿಗೂ ಲಾಭವೆಂಬುದಕ್ಕೆ ಇದು ನಿದರ್ಶನ.

ಪುಸ್ತಕ ಮಡಚಿದ ರಾತ್ರಿ

ಆದರೆ ಎಲ್ಲ ಆಟಗಳಿಗೂ ಈ ಭಾಗ್ಯವಿರಲಿಲ್ಲ. ೨೦೦೪ರಲ್ಲಿ ಆರಂಭವಾದ ‘ಸಿಟಿ ಆಫ್ ಹೀರೋಸ್’ ಎಂಬ ಆಟದ ಕಥೆಯನ್ನು ಕೇಳಬೇಕು. ಅದರಲ್ಲಿ ಪ್ರತಿಯೊಬ್ಬನೂ ತನಗೆ ಬೇಕಾದ ವೇಷ, ಬಣ್ಣ, ಶಕ್ತಿಗಳನ್ನು ಆರಿಸಿಕೊಂಡು ತನ್ನದೇ ವೀರನೊಬ್ಬನನ್ನು ನಿರ್ಮಿಸಬಹುದಿತ್ತು. ಎಷ್ಟೋ ಜನ ಅಲ್ಲಿ ಸ್ನೇಹಿತರನ್ನು ಪಡೆದರು; ವರ್ಷಗಟ್ಟಲೆ ಒಂದೇ ವೀರನನ್ನು ಬೆಳೆಸಿದರು. ಸರ್ವರ್ ಮಾತ್ರ ಸಂಸ್ಥೆಯ ಬೀಗದೊಳಗಿತ್ತು. ೨೦೧೨ರ ಆಗಸ್ಟ್ ೩೧ರಂದು ಕೊರಿಯದ ಎನ್‌ಸಿಸಾಫ್ಟ್ ಸಂಸ್ಥೆ ಆಟವನ್ನು ನಿಲ್ಲಿಸುವುದಾಗಿ ಸಾರಿತು. ಆಟಗಾರರು ಮನವಿಗಳನ್ನು ಸಲ್ಲಿಸಿದರು, ಫಲವಾಗಲಿಲ್ಲ. ನವೆಂಬರ್ ೩೦ರ ರಾತ್ರಿ ಸರ್ವರುಗಳು ನಿಂತುಹೋದವು. ಹಣ ಕೊಟ್ಟು ಕೊಂಡ ಆಟ ಮನೆಯ ಯಂತ್ರದಲ್ಲಿ ಇದ್ದೂ ಇಲ್ಲದಂತಾಯಿತು.

ಇದಾದ ಆರು ವರ್ಷಗಳ ಮೇಲೆ, ೨೦೧೯ರ ಏಪ್ರಿಲಿನಲ್ಲಿ, ಒಂದು ರಹಸ್ಯ ಬಯಲಾಯಿತು. ಸರ್ವರಿನ ಸಾಮಗ್ರಿ ಒಂದು ಸಣ್ಣ ಗುಂಪಿನ ಕೈಸೇರಿತ್ತು. ಅವರು ಅದನ್ನು ದುರಸ್ತಿಗೊಳಿಸಿ, ಹೊಸ ಬಗೆಯ ವೀರರನ್ನೂ ಸೇರಿಸಿ, ಆಯ್ದ ಕೆಲವರಿಗೆ ಮಾತ್ರ ತಿಳಿಯುವಂತೆ ಆಟವನ್ನು ನಡೆಸುತ್ತಲೇ ಇದ್ದರು! ಹೊರಗಿದ್ದವರ ಸಿಟ್ಟಿಗೆ ಪಾರವಿರಲಿಲ್ಲ. ಸತ್ತಿತೆಂದು ತಾವು ಅತ್ತ ಆಟ ಪಕ್ಕದ ಕೋಣೆಯಲ್ಲಿ ನಡೆಯುತ್ತಿತ್ತೆಂದರೆ ಯಾರಿಗೆ ತಾನೇ ನೋವಾಗದು? ಗುಟ್ಟು ಹೊರಬಿದ್ದರೆ ಸಂಸ್ಥೆ ಮೊಕದ್ದಮೆ ಹೂಡಿ ಎಲ್ಲವನ್ನೂ ಅಳಿಸಿಬಿಡಬಹುದೆಂಬ ಭಯವಿತ್ತೆಂದು ನಡೆಸುತ್ತಿದ್ದವರು ಸಮರ್ಥಿಸಿಕೊಂಡರು.

ಇಬ್ಬರ ಮಾತಿನಲ್ಲಿಯೂ ಹುರುಳಿತ್ತು. ಗುಟ್ಟು ಆಟವನ್ನು ಉಳಿಸಿತ್ತು ನಿಜ. ಆದರೆ ಅದನ್ನು ಪ್ರೀತಿಸಿದ ಸಾವಿರಾರು ಜನರನ್ನು ಅದೇ ಗುಟ್ಟು ಹೊರಗಿಟ್ಟಿತ್ತು. ಕಡೆಗೆ ಅದೇ ತಿಂಗಳು ಸರ್ವರಿನ ಫೈಲುಗಳು ಸಾರ್ವಜನಿಕರ ಕೈಗೆ ಬಂದವು. ಹಲವು ಗುಂಪುಗಳು ಹಲವು ಸರ್ವರುಗಳನ್ನು ಎಬ್ಬಿಸಿದವು. ಅವುಗಳಲ್ಲಿ ‘ಹೋಮ್‌ಕಮಿಂಗ್’ ಎಂಬ ಗುಂಪು ಆಡುವವರಿಂದ ಶುಲ್ಕವನ್ನು ಪಡೆಯದೆ, ವಂತಿಗೆಯಿಂದ ವೆಚ್ಚವನ್ನು ತೂಗಿಸುತ್ತ, ಸಂಸ್ಥೆಯೊಡನೆ ಮಾತುಕತೆಯನ್ನೂ ಬಿಡದೆ ನಡೆಸಿತು. ೨೦೨೪ರ ಜನವರಿಯಲ್ಲಿ ಎನ್‌ಸಿಸಾಫ್ಟ್ ಆ ಗುಂಪಿಗೆ ಅಧಿಕೃತ ಪರವಾನಗಿಯನ್ನು ನೀಡಿತು. ಗುಟ್ಟಿನಲ್ಲಿ ಉಳಿದಿದ್ದ ಆಟ ಹನ್ನೊಂದು ವರ್ಷಗಳ ಮೇಲೆ ಒಡೆಯನ ಒಪ್ಪಿಗೆಯಿಂದ ಹಗಲ ಬೆಳಕಿಗೆ ಬಂದಿತು.

ಉಡುಪಿಯಿಂದ ದೆಹಲಿಗೆ

ಮೂಲ ಒಬ್ಬರದು, ಬದಲಾವಣೆ ಇನ್ನೊಬ್ಬರದು ಆದಾಗ ಹಕ್ಕು ಯಾರದು? ಈ ಪ್ರಶ್ನೆಗೆ ಕನ್ನಡ ನಾಡಿನಿಂದಲೇ ಹೊರಟ ಒಂದು ವ್ಯಾಜ್ಯ ಸುಪ್ರೀಂ ಕೋರ್ಟಿನವರೆಗೆ ಹೋಗಿ ಉತ್ತರವನ್ನು ತಂದಿದೆ. ಅದು ಗಣಕದ ಆಟದ್ದಲ್ಲ, ಯಕ್ಷಗಾನದ ಆಟದ್ದು. ಡಾ. ಶಿವರಾಮ ಕಾರಂತರು ಪರಂಪರೆಯ ಯಕ್ಷಗಾನದಲ್ಲಿ ಕುಣಿತ, ವೇಷಭೂಷಣ, ರಾಗಗಳನ್ನು ಮಾರ್ಪಡಿಸಿ ‘ಯಕ್ಷರಂಗ’ ಎಂಬ ಹೊಸ ರೂಪವನ್ನು ಕಟ್ಟಿದ್ದರು. ೧೯೯೭ರಲ್ಲಿ ಅವರು ತೀರಿಕೊಂಡ ಬಳಿಕ, ಮಣಿಪಾಲದ ಅಕಾಡೆಮಿ ಆಫ್ ಜನರಲ್ ಎಜುಕೇಶನ್ ಸಂಸ್ಥೆ ೨೦೦೧ರಲ್ಲಿ ದೆಹಲಿಯಲ್ಲಿ ಆ ಶೈಲಿಯ ‘ಅಭಿಮನ್ಯು ವಧೆ’ಯನ್ನು ಆಡಿಸಿತು. ಕಾರಂತರ ಉಯಿಲಿನಿಂದ ಹಕ್ಕು ಪಡೆದವರು ಉಡುಪಿಯ ಜಿಲ್ಲಾ ನ್ಯಾಯಾಲಯದ ಮೆಟ್ಟಿಲನ್ನೇರಿದರು.

೨೦೦೯ರ ಜನವರಿ ೨೩ರಂದು ಸುಪ್ರೀಂ ಕೋರ್ಟು ಕೊಟ್ಟ ತೀರ್ಪಿಗೆ ಎರಡು ಮುಖಗಳಿವೆ. ಕಾರಂತರ ಮಾರ್ಪಾಟುಗಳ ಮೇಲಿನ ಹಕ್ಕು ಉಯಿಲಿನಂತೆ ಸಂದಿದೆಯೆಂದು ಅದು ಎತ್ತಿಹಿಡಿಯಿತು. ಆದರೆ ವಿದ್ಯಾಸಂಸ್ಥೆಯ ಚಟುವಟಿಕೆಯಾಗಿ ಆಡುವುದಕ್ಕೂ, ಹವ್ಯಾಸಿ ಸಂಘವು ಹಣ ಪಡೆಯದೆ ಪ್ರೇಕ್ಷಕರ ಮುಂದೆ ಆಡುವುದಕ್ಕೂ ಕಾಯಿದೆಯಲ್ಲಿರುವ ವಿನಾಯಿತಿಗಳು ಈ ತಡೆಯಾಜ್ಞೆಯಿಂದ ಮುಚ್ಚಿಹೋಗವೆಂದೂ ಸ್ಪಷ್ಟಪಡಿಸಿತು. ಸೇರಿಸಿದವನಿಗೂ ಹಕ್ಕುಂಟು, ಕಲಿಯುವವರಿಗೂ ಬಾಗಿಲುಂಟು.

ಗಣಕದ ಪ್ರೋಗ್ರಾಮುಗಳಿಗೂ ೧೯೫೭ರ ಅದೇ ಕೃತಿಸ್ವಾಮ್ಯ ಕಾಯಿದೆ ಅನ್ವಯಿಸುತ್ತದೆ. ಇಂದಿನ ಅದರ ಪಾಠದಲ್ಲಿ ಪ್ರೋಗ್ರಾಮು ಸಾಹಿತ್ಯಕೃತಿಗಳ ಸಾಲಿನಲ್ಲಿ ಸೇರಿದೆ. ನ್ಯಾಯವಾಗಿ ಪಡೆದ ಪ್ರೋಗ್ರಾಮು ಹಾಳಾದೀತೆಂಬ ಎಚ್ಚರಿಕೆಯಿಂದ ತನಗಾಗಿ ಒಂದು ನಕಲನ್ನು ಇಟ್ಟುಕೊಳ್ಳಲು ಅವಕಾಶವಿದೆ. ಆದರೆ ಅದನ್ನು ಊರಿಗೆಲ್ಲ ಹಂಚುವ ಅಧಿಕಾರ ಇದರಿಂದ ಬರುವುದಿಲ್ಲ.

ಹಂಚುವ ಜಾಣ್ಮೆ

ಹಾಗಾದರೆ ಮಕ್ಕಳು ಏನನ್ನು ಹಂಚಬಹುದು? ಬಹು ಜನಪ್ರಿಯವಾದ ‘ಮೈನ್‌ಕ್ರಾಫ್ಟ್’ ಆಟವನ್ನೇ ನೋಡಬಹುದು. ಅದರ ಸರ್ವರ್ ಪ್ರೋಗ್ರಾಮನ್ನು ಮೊಜಾಂಗ್ ಸಂಸ್ಥೆಯೇ ಬೆಲೆಯಿಲ್ಲದೆ ಕೊಡುತ್ತದೆ. ಆಟಗಾರರು ತಾವೇ ಬರೆದ ಮಾಡ್‌ಗಳನ್ನು ಹಂಚುವುದಕ್ಕೆ ಸಂಸ್ಥೆಯ ಅಡ್ಡಿಯಿಲ್ಲ. ತನ್ನ ಪ್ರೋಗ್ರಾಮನ್ನೇ ತಿದ್ದಿ ಹಂಚುವುದನ್ನು ಅದು ಒಪ್ಪುವುದಿಲ್ಲ. ‘ಬಕ್ಕಿಟ್’ ಎಂಬ ಸರ್ವರ್ ಈ ಗೆರೆಯ ಮೇಲೆಯೇ ಎಡವಿತು. ಅದರಲ್ಲಿ ಸ್ವಯಂಸೇವಕರು ಬರೆದ ಮುಕ್ತ ಪಾಠವೂ ಸಂಸ್ಥೆಯ ಗುಪ್ತ ಪಾಠವೂ ಬೆರೆತಿದ್ದವು. ತಾನು ಕೊಟ್ಟ ಭಾಗವನ್ನು ಗುಪ್ತ ಪಾಠದೊಡನೆ ಬೆರೆಸಿ ಹಂಚಕೂಡದೆಂದು ಸ್ವಯಂಸೇವಕನೊಬ್ಬ ೨೦೧೪ರ ಸೆಪ್ಟೆಂಬರಿನಲ್ಲಿ ಆಕ್ಷೇಪಣೆಯನ್ನು ಸಲ್ಲಿಸಿದ. ಹಂಚಿಕೆ ನಿಂತುಹೋಯಿತು.

ಇದರಿಂದ ಪಾಠ ಕಲಿತ ‘ಸ್ಪಿಗಟ್’ ಎಂಬ ಗುಂಪು ಒಂದು ಉಪಾಯವನ್ನು ಹುಡುಕಿತು. ಸಿದ್ಧವಾದ ಸರ್ವರನ್ನು ಹಂಚದೆ, ತಿದ್ದುಪಡಿಗಳನ್ನೂ ಅವುಗಳನ್ನು ಜೋಡಿಸುವ ಸಲಕರಣೆಯನ್ನೂ ಮಾತ್ರ ಕೊಡುವುದು. ಮೂಲವನ್ನು ಪ್ರತಿಯೊಬ್ಬನೂ ಒಡೆಯನಿಂದಲೇ ಪಡೆದು ಮನೆಯಲ್ಲಿಯೇ ಎರಡನ್ನೂ ಕೂಡಿಸಿಕೊಳ್ಳುವುದು. ಒಗ್ಗರಣೆಯನ್ನು ಹಂಚಿಕೊಳ್ಳೋಣ, ಅಕ್ಕಿಯನ್ನು ಅವರವರೇ ಅಂಗಡಿಯಿಂದ ತರಲಿ ಎಂದಂತಾಯಿತು.

ಕಾಯಿದೆಯ ಮಾತು ಹಾಗಿರಲಿ. ಮನೆಯ ಭದ್ರತೆಯ ಮಾತೂ ಇದೆ. ೨೦೨೧ರ ಡಿಸೆಂಬರಿನಲ್ಲಿ, ಹರಟೆಯ ಪೆಟ್ಟಿಗೆಯಲ್ಲಿ ಒಂದು ವಿಶಿಷ್ಟ ಸಾಲನ್ನು ಬರೆದೇ ಮೈನ್‌ಕ್ರಾಫ್ಟ್ ಸರ್ವರನ್ನು ವಶಪಡಿಸಿಕೊಳ್ಳಬಹುದಾದ ದೋಷವೊಂದು ಬೆಳಕಿಗೆ ಬಂದಿತು. ಸಂಸ್ಥೆ ಕೂಡಲೇ ಅದನ್ನು ಸರಿಪಡಿಸಿತು. ಆದರೆ ಯಾರೋ ಎಂದೋ ಹಂಚಿದ ಹಳೆಯ ಫೈಲುಗಳಲ್ಲಿ ಆ ರಂಧ್ರ ಹಾಗೆಯೇ ಉಳಿದಿರುತ್ತದೆ. ೨೦೨೩ರ ಜೂನಿನಲ್ಲಿ ಹೆಸರುವಾಸಿಯಾದ ಮಾಡ್ ಭಂಡಾರಗಳಲ್ಲಿಯೇ ಗುಪ್ತಸಂಕೇತಗಳನ್ನು ಕದಿಯುವ ಕೇಡಿನ ಪ್ರೋಗ್ರಾಮೊಂದು ಸೇರಿಕೊಂಡಿತ್ತು. ಆದುದರಿಂದ ಅಪರಿಚಿತರು ಕೊಟ್ಟ ಸರ್ವರ್ ಗಂಟನ್ನು ತಂದೆಯ ಬ್ಯಾಂಕಿನ ವ್ಯವಹಾರ ನಡೆಯುವ ಯಂತ್ರದಲ್ಲಿಯೇ ಬಿಚ್ಚುವುದು ಬುದ್ಧಿವಂತಿಕೆಯಲ್ಲ. ಕೊಡುವವರಿಗೂ ಎಚ್ಚರಿಕೆ ಬೇಕು: ಸರ್ವರಿನ ಕಡತಗಳಲ್ಲಿ ಗುಪ್ತಸಂಕೇತಗಳೂ, ಆಡಿದ ಗೆಳೆಯರ ಹೆಸರುಗಳೂ, ಅವರ ಯಂತ್ರಗಳ ಅಂಕಿ ವಿಳಾಸಗಳೂ ಇರುತ್ತವೆ. ಅವನ್ನು ತೆಗೆದೇ ಕೊಡಬೇಕು.

ಪುಸ್ತಕವನ್ನು ಕೊಟ್ಟುಹೋಗಿ

ಆಟಗಾರರಿಗೆ ಇಷ್ಟು ಹೇಳಿದ ಮೇಲೆ ಒಡೆಯರಿಗೂ ಒಂದು ಮಾತು ಸಲ್ಲುತ್ತದೆ. ಫ್ರಾನ್ಸಿನ ಯೂಬಿಸಾಫ್ಟ್ ಸಂಸ್ಥೆ ೨೦೧೪ರಲ್ಲಿ ಮಾರಾಟಕ್ಕಿಟ್ಟಿದ್ದ ‘ದಿ ಕ್ರೂ’ ಎಂಬ ಮೋಟಾರು ಪಂದ್ಯದ ಆಟದ ಸರ್ವರನ್ನು ೨೦೨೪ರ ಮಾರ್ಚ್ ಕೊನೆಯಲ್ಲಿ ನಿಲ್ಲಿಸಿತು. ಒಬ್ಬನೇ ಕುಳಿತು ಆಡುವುದೂ ಅಸಾಧ್ಯವಾಯಿತು. ಇದರಿಂದ ‘ಸ್ಟಾಪ್ ಕಿಲ್ಲಿಂಗ್ ಗೇಮ್ಸ್’ ಎಂಬ ಚಳವಳಿ ಹುಟ್ಟಿತು. ನಿಮ್ಮ ಸರ್ವರನ್ನು ಎಂದೆಂದಿಗೂ ನಡೆಸಿರೆಂದು ಅವರು ಕೇಳುತ್ತಿಲ್ಲ. ನಿಲ್ಲಿಸುವ ದಿನ, ಕೊಂಡವರು ತಾವೇ ಆಡಿಕೊಳ್ಳುವ ಹಾದಿಯನ್ನು ಬಿಟ್ಟುಹೋಗಿರೆಂಬುದು ಅವರ ಬೇಡಿಕೆ. ಐರೋಪ್ಯ ಒಕ್ಕೂಟಕ್ಕೆ ಸಲ್ಲಿಸಲೆಂದು ಅವರು ಹೊರಡಿಸಿದ ಮನವಿಗೆ ಬಿದ್ದ ಸಹಿಗಳು ೨೦೨೫ರ ಜುಲೈ ತಿಂಗಳಲ್ಲಿ ಹತ್ತು ಲಕ್ಷವನ್ನು ದಾಟಿದವು.

ಅಂಕೋಲಾ ತಾಲೂಕಿನ ಬಡಗೇರಿಯ ಸುಕ್ರಿ ಬೊಮ್ಮಗೌಡರು ಹಾಲಕ್ಕಿ ಜನರ ಅಸಂಖ್ಯ ಹಾಡುಗಳನ್ನು ನೆನಪಿನಲ್ಲಿಯೇ ಇಟ್ಟುಕೊಂಡಿದ್ದರು. ೨೦೧೭ರಲ್ಲಿ ಪದ್ಮಶ್ರೀ ಪಡೆದ ಅವರು ೨೦೨೫ರ ಫೆಬ್ರವರಿಯಲ್ಲಿ ಕಣ್ಮುಚ್ಚಿದರು. ತಾವು ಬಲ್ಲ ಹಾಡುಗಳನ್ನು ಬಚ್ಚಿಡದೆ ಇತರರಿಗೆ ಕಲಿಸಿದ್ದರಿಂದ ಹಾಡುಗಳು ಅವರೊಡನೆ ಮುಗಿಯಲಿಲ್ಲ. ಹಾಡಿಗೂ ಆಟಕ್ಕೂ ನಿಯಮ ಒಂದೇ. ಒಬ್ಬರ ಕೈಯಲ್ಲಿಯೇ ಉಳಿದುದು ಅವರೊಡನೆ ಹೋಗುತ್ತದೆ. ಮರ್ಯಾದೆಯರಿತು ಹಂಚಿದುದು ಉಳಿಯುತ್ತದೆ.

ಇನ್ನು ಮುಂದೆ ಮನೆಯ ಮಗನೋ ಮಗಳೋ ಸರ್ವರ್ ಫೈಲಿನ ಮಾತೆತ್ತಿದಾಗ ಹಿರಿಯರು ಮೂರು ಪ್ರಶ್ನೆಗಳನ್ನು ಕೇಳಿದರೆ ಸಾಕು: ಇದರಲ್ಲಿ ನಿನ್ನದೆಷ್ಟು, ಬೇರೆಯವರದೆಷ್ಟು? ಅವರ ಒಪ್ಪಿಗೆ ಉಂಟೇ? ಗೆಳೆಯರ ಗುಟ್ಟೇನಾದರೂ ಇದರೊಳಗೆ ಸೇರಿದೆಯೇ? ಮೂರಕ್ಕೂ ತಕ್ಕ ಉತ್ತರ ದೊರೆತರೆ, ಆಟ ನಡೆಯಲಿ.