ಉಳಿದ ಒಂದು ಕಾರ್ಡ್

ಅಕ್ಕನ ಮದುವೆ ಕಾರ್ಡ್ ಹಂಚಲು ಗೆಳೆಯನ ಬೈಕ್ ಹತ್ತಿ ಆಳಂದದಿಂದ ಅಫಜಲಪುರಕ್ಕೆ, ಅಲ್ಲಿಂದ ಜೇವರ್ಗಿಗೆ ಹೊರಟಿದ್ದೆ. ಹಿಂದಿನ ರಾತ್ರಿಯಷ್ಟೇ ಅಲ್ಫಾನ್ಸೊ ಕ್ವಾರೋನ್ ನಿರ್ದೇಶನದ ಮೆಕ್ಸಿಕೊ ಸಿನಿಮಾ 'ಇ ತು ಮಾಮಾ ತಾಂಬಿಯೆನ್' (2001) ನೋಡಿದ್ದೆ. ಮನೆಮಂದಿ ಜತೆ ಕೂತು ನೋಡುವಂಥದ್ದಲ್ಲ ಬಿಡಿ!

ಟೆನೋಚ್, ಹೂಲಿಯೊ ಎಂಬ ಇಬ್ಬರು ಹುಡುಗರು ತಮಗಿಂತ ದೊಡ್ಡವಳಾದ ಲೂಯಿಸಾ ಜತೆ ಕಾರಿನಲ್ಲಿ ಸಮುದ್ರ ನೋಡಲು ಹೊರಡುತ್ತಾರೆ. ಅವರದು ಬರೀ ಹರಟೆ, ಜಗಳ. ಕ್ಯಾಮೆರಾ ಮಾತ್ರ ಕಿಟಕಿಯಾಚೆಯ ಪೊಲೀಸರನ್ನು, ಬಡ ಹಳ್ಳಿಗಳನ್ನು ನೋಡುತ್ತಿರುತ್ತದೆ. 71 ವರ್ಷ ಆಳಿದ ಪಕ್ಷ 2000ದಲ್ಲಿ ಅಧಿಕಾರ ಕಳೆದುಕೊಂಡ ಹೊತ್ತಿನ ಮೆಕ್ಸಿಕೊ ಅದು. ಟೆನೋಚ್‌ನ ಅಪ್ಪ ಸರ್ಕಾರದಲ್ಲಿ ದೊಡ್ಡ ಹುದ್ದೆಯವನು. ದಾರಿಯಲ್ಲಿ ಒಂದು ಊರಿನ ಫಲಕ ಬರುತ್ತದೆ. ಅವನನ್ನು ಸಾಕಿದ ಕೆಲಸದಾಕೆಯ ಊರು. ನಾಲ್ಕು ವರ್ಷದವರೆಗೆ ಅವಳನ್ನೇ ಅಮ್ಮ ಅಂತಿದ್ದವನು, ಪಕ್ಕದಲ್ಲಿದ್ದವರಿಗೆ ಏನೂ ಹೇಳುವುದಿಲ್ಲ. ಕಾರು ಮುಂದೆ ಹೋಗುತ್ತದೆ.

ಅಫಜಲಪುರ ದಾಟಿ ಭೀಮಾ ತೀರದ ಒಂದು ಹಳ್ಳಿ ಹತ್ತಿರ ಗೆಳೆಯ ಬೈಕ್ ನಿಧಾನ ಮಾಡಿದ. "ಇಲ್ಲಿ ಯಾರಿಗರ ಕೊಡೋದದ ಏನಲೇ?"

"ಇಲ್ಲ, ನಡಿ" ಅಂದೆ.

ಅದು ಆಯಿಯ ಊರು. ನಮ್ಮ ಮನೆಯಲ್ಲಿ ಮುಸುರೆ ತಿಕ್ಕುತ್ತಾ ಅಕ್ಕನನ್ನೂ ನನ್ನನ್ನೂ ಕಂಕುಳಲ್ಲಿ ಹೊತ್ತು ಬೆಳೆಸಿದಾಕೆ. ಮಗ ಪುಣೆಗೆ ಬಿಲ್ಡಿಂಗ್ ಕೆಲಸಕ್ಕೆ ಹೋದ ಮೇಲೆ ಊರಿಗೆ ಮರಳಿದ್ದಳು. ಅಪ್ಪ ಕೊಟ್ಟ ಪಟ್ಟಿಯಲ್ಲಿ ಅವಳ ಹೆಸರಿರಲಿಲ್ಲ. ನಾನೂ ಕೇಳಿರಲಿಲ್ಲ.

ಜೇವರ್ಗಿ ಮುಗಿದಾಗ ಚೀಲದಲ್ಲಿ ಒಂದು ಕಾರ್ಡ್ ಉಳಿದಿತ್ತು. "ತಿರುಗಿಸು, ವಾಪಸ್ ಹೋಗೂಣು" ಅಂದೆ. ಹೆಸರು ಬರೆಯಲು ಪೆನ್ ತೆಗೆದೆ. ಆಯಿ ಅನ್ನೋದು ಬಿಟ್ಟರೆ ಅವಳ ಹೆಸರೇ ನನಗೆ ಗೊತ್ತಿರಲಿಲ್ಲ.