ಕಾಯಿಲೆಯ ಮಗುವೂ ಹಾಜರಿ ಪುಸ್ತಕವೂ

ಚನ್ನಪಟ್ಟಣ ತಾಲ್ಲೂಕಿನ ವಿರೂಪಾಕ್ಷಿಪುರದಂತಹ ಊರುಗಳ ರೇಷ್ಮೆಯ ಮನೆಗಳಲ್ಲಿ, ಹುಳು ಎರಡನೆಯ ಜ್ವರಕ್ಕೆ ಕೂತದ್ದು ಎಂದು, ನಾಲ್ಕನೆಯ ಜ್ವರದಿಂದ ಎದ್ದದ್ದು ಎಂದು, ದಿನ ತಪ್ಪದೆ ಲೆಕ್ಕವಿಡುವರು. ಮಗುವಿಗೆ ಜ್ವರ ಬಂದ ದಿನವನ್ನು ಬರೆದಿಡುವವರು ಮಾತ್ರ ವಿರಳ. ಶಾಲೆಯ ಸೇರ್ಪಡೆ, ಪರೀಕ್ಷೆಯ ಅರ್ಹತೆಗಳ ಸಲುವಾಗಿ ನ್ಯಾಯಸ್ಥಾನವನ್ನೇರುವ ಕಲಹಗಳು ಬಲವಾಗುವುದೂ ದುರ್ಬಲವಾಗುವುದೂ ಈ ಬರವಣಿಗೆಯಿಂದಲೇ ಎಂದು ನಾವು ಎಣಿಸುತ್ತೇವೆ.

ಮೊದಲು ಚಿಕ್ಕ ಮಕ್ಕಳ ಮಾತು. 2010ನೆಯ ಏಪ್ರಿಲ್ 1ರಿಂದ ಜಾರಿಗೆ ಬಂದ ಶಿಕ್ಷಣದ ಹಕ್ಕಿನ ಕಾಯಿದೆಯಂತೆ, ಆರರಿಂದ ಹದಿನಾಲ್ಕು ವರ್ಷದೊಳಗಿನ ಮಗು ವ್ಯಾಧಿಯ ದೆಸೆಯಿಂದ ಓದು ಬಿಟ್ಟಿದ್ದರೂ ಅದನ್ನು ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿಕೊಂಡು, ತಪ್ಪಿಹೋದ ಪಾಠಕ್ಕಾಗಿ ವಿಶೇಷ ಶಿಕ್ಷಣವನ್ನು ಕೊಡತಕ್ಕದ್ದು. ಗಡುವು ಮೀರಿತೆಂದು ಹಿಂದಕ್ಕೆ ಕಳುಹಿಸುವಂತಿಲ್ಲ. ದೂರನ್ನು ಸ್ಥಳೀಯ ಪ್ರಾಧಿಕಾರಕ್ಕೆ ಬರೆದುಕೊಟ್ಟರೆ ಮೂರು ತಿಂಗಳೊಳಗೆ ತೀರ್ಮಾನವಾಗಬೇಕು. ಮೂರು ತಿಂಗಳೆಂಬುದು ಕಚೇರಿಗೆ ಅಲ್ಪಕಾಲ; ಮೂರನೆಯ ತರಗತಿಯ ಬಾಲಕಿಗೆ ಒಂದು ಯುಗವೇ ಸರಿ. ಎಚ್.ಐ.ವಿ. ಸೋಂಕಿನ ನೆವದಿಂದ ಶಾಲೆಯ ಬಾಗಿಲು ಮುಚ್ಚುವುದನ್ನಂತೂ 2017ರ ಪ್ರತ್ಯೇಕ ಕಾಯಿದೆಯೊಂದು ನಿಷೇಧಿಸಿದೆ.

ದೊಡ್ಡ ಪರೀಕ್ಷೆಗಳ ರೀತಿ ಬೇರೆ. ಎಸ್.ಎಸ್.ಎಲ್.ಸಿ.ಗೆ ಕೂರಲು ನೂರಕ್ಕೆ 75 ಹಾಜರಿ ಬೇಕು, ಸಿ.ಬಿ.ಎಸ್.ಇ. ಮಂಡಲಿಯ ಶಾಲೆಗಳಲ್ಲಿಯೂ ಅಷ್ಟೇ. ಆ ಮಂಡಲಿಯ ನಿಯಮದಲ್ಲಿ ಒಂದು ಕಿಂಡಿಯುಂಟು. ನೂರಕ್ಕೆ 15ರವರೆಗಿನ ಕೊರತೆಯನ್ನು ತಕ್ಕ ಕಾರಣವಿದ್ದಲ್ಲಿ ಅಧ್ಯಕ್ಷರು ಮನ್ನಿಸಬಹುದು. ಹಾಜರಿ 60ಕ್ಕಿಂತಲೂ ಇಳಿದರೆ, ಕ್ಯಾನ್ಸರ್, ಕ್ಷಯ ಮೊದಲಾಗಿ ಬಹುಕಾಲ ಆಸ್ಪತ್ರೆಯಲ್ಲಿರಿಸುವ ರೋಗಗಳಿಗೆ ಮಾತ್ರ ಆ ದಯೆ. ವೈದ್ಯರ ಕಾಗದಗಳೊಡನೆ ರಜೆಯ ಅರ್ಜಿಯನ್ನು ಕೂಡಲೇ ಸಲ್ಲಿಸಬೇಕೆಂದು ಮಂಡಲಿ 2025ರ ಆಗಸ್ಟ್‌ನಲ್ಲಿ ಸುತ್ತೋಲೆ ಹೊರಡಿಸಿತು.

ಅರ್ಜಿ ತಿರಸ್ಕೃತವಾದಾಗ ತಂದೆತಾಯಿಗಳು ಬೆಂಗಳೂರಿನ ಹೈಕೋರ್ಟಿಗೆ, ಸಂವಿಧಾನದ 226ನೆಯ ವಿಧಿಯ ಮೇರೆಗೆ, ಮೊರೆಹೋಗಬಹುದು. ಮಗುವಿನ ಸಂಕಟವೊಂದನ್ನೇ ಕಂಡು ಅಲ್ಲಿ ತೀರ್ಪಾಗುವುದಿಲ್ಲ. ನಿಯಮದಲ್ಲಿ ಮನ್ನಿಸುವ ಅಧಿಕಾರವಿತ್ತೆ, ಇದ್ದಲ್ಲಿ ಅಧಿಕಾರಿಯು ವಿವೇಚಿಸಿದನೆ ಎಂಬುದನ್ನು ನೋಡುವರು. ಸಂಸ್ಥೆಗಳಿಗೂ ಕಟ್ಟುಪಾಡುಂಟು. ಉತ್ತರದೇಶದ ಕುರುಕ್ಷೇತ್ರ ವಿಶ್ವವಿದ್ಯಾಲಯದ ಮೊಕದ್ದಮೆಯೊಂದರಲ್ಲಿ 1975ರಲ್ಲಿ ಸುಪ್ರೀಂ ಕೋರ್ಟು, ಹಾಜರಿಯನ್ನು ಕಾಲಕ್ಕೆ ಸರಿಯಾಗಿ ಪರಿಶೀಲಿಸದೆ ವಿದ್ಯಾರ್ಥಿಯನ್ನು ಪರೀಕ್ಷೆಗೆ ಕೂರಿಸಿಕೊಂಡ ಮೇಲೆ ಅವನ ಅರ್ಹತೆಯನ್ನು ಕಿತ್ತುಕೊಳ್ಳಲಾಗದೆಂದು ವಿಧಿಸಿತು. ಬರೆಯುವಾಗ ಕೈ ಸೆಡೆತುಕೊಳ್ಳುವ ವ್ಯಾಧಿಯುಳ್ಳವನಿಗೆ ಬರೆದುಕೊಡುವ ಸಹಾಯಕನನ್ನು ಒದಗಿಸಬೇಕೆಂದು ಅದೇ ನ್ಯಾಯಾಲಯ 2021ರ ಫೆಬ್ರವರಿಯಲ್ಲಿ ಹೇಳಿತು.

ನಮ್ಮ ರಾಜ್ಯದಲ್ಲಿ ರೋಗವೂ ಪರೀಕ್ಷೆಯೂ ಮುಖಾಮುಖಿಯಾದದ್ದು 2020ರಲ್ಲಿ. ಮಾರ್ಚ್ 27ಕ್ಕೆ ಗೊತ್ತಾಗಿದ್ದ ಎಸ್.ಎಸ್.ಎಲ್.ಸಿ. ಪರೀಕ್ಷೆ ಕೋವಿಡ್ ಪಿಡುಗಿನಿಂದ ಮುಂದಕ್ಕೆ ಹೋಯಿತು. ಮಕ್ಕಳ ಪ್ರಾಣಕ್ಕೆ ಅಪಾಯವೆಂದು ಕೆಲವರು ತಡೆ ಕೋರಿದರು. ಹೈಕೋರ್ಟೂ ಸುಪ್ರೀಂ ಕೋರ್ಟೂ ತಡೆಯಲೊಪ್ಪಲಿಲ್ಲ. ಜೂನ್ 25ರಿಂದ ಸುಮಾರು ಎಂಟೂವರೆ ಲಕ್ಷ ಮಕ್ಕಳಿಗಾಗಿ ಪರೀಕ್ಷೆ ನಡೆಯಿತು. ಬಾಗಿಲಲ್ಲೇ ಮೈಶಾಖ ನೋಡಿ, ಜ್ವರವಿದ್ದವರನ್ನು ಬೇರೆ ಕೊಠಡಿಯಲ್ಲಿ ಕೂರಿಸಿದರು. ಕಾಯಿಲೆಯಿಂದ ಬಾರದವರು ಪೂರಕ ಪರೀಕ್ಷೆಯನ್ನು ಹೊಸಬರಾಗಿಯೇ ಬರೆಯಬಹುದೆಂದು ಸರ್ಕಾರ ಸಾರಿತು. ಎರಡನೆಯ ಪ್ರಯತ್ನವೆಂಬ ಕಳಂಕ ತಟ್ಟದಂತೆ ನೋಡಿದ ಈ ಏರ್ಪಾಡನ್ನು ನಾವು ಮೆಚ್ಚುತ್ತೇವೆ. 2024ರಲ್ಲಿ ವರ್ಷಕ್ಕೆ ಮೂರು ಪರೀಕ್ಷೆಗಳ ಕ್ರಮವೇ ಬಂತು. ಆದರೆ ಹಾಜರಿಯ ನಿಯಮ ಅದರಿಂದ ಸಡಿಲವಾಗಿಲ್ಲ.

ವಿರೂಪಾಕ್ಷಿಪುರದ ತಾಯಿಗೆ ವಕೀಲರ ಶುಲ್ಕವೇ ಭಯ. 1987ರ ಕಾನೂನು ಸೇವೆಗಳ ಕಾಯಿದೆಯಂತೆ ಹೆಂಗಸರಿಗೂ ಮಕ್ಕಳಿಗೂ ವರಮಾನವನ್ನು ನೋಡದೆ ಉಚಿತ ನೆರವುಂಟು. ತಾಲ್ಲೂಕಿನ ಕಾನೂನು ಸೇವಾ ಸಮಿತಿಯನ್ನು ಕೇಳಬೇಕು. ಹೋಗುವಾಗ ತಾರೀಖು ಹಾಕಿದ ವೈದ್ಯರ ಚೀಟಿ, ಆಸ್ಪತ್ರೆಯಿಂದ ಬಿಡುಗಡೆಯಾದ ಪತ್ರ, ಶಾಲೆಯವರು ಸಹಿ ಹಾಕಿ ತೆಗೆದುಕೊಂಡ ರಜೆಯ ಅರ್ಜಿಯ ನಕಲು, ಇವು ಮೂರೂ ಕೈಯಲ್ಲಿರಲಿ.